ಮಕ್ಕಳು ಉಳಿಸಿದ ನೃತ್ಯನಾಟಕ

ಸಂಪ್ರದಾಯವೆಂಬ ಮಾತನ್ನು ಕೇಳಿದೊಡನೆ ಅದು ಬಹು ಪ್ರಾಚೀನ ಕಾಲದಿಂದ ಬಂದುದೆಂದು ಭಾವಿಸುವುದು ನಮಗೆ ರೂಢಿಯಾಗಿದೆ. ಆದರೆ ಪ್ರತಿಯೊಂದು ಸಂಪ್ರದಾಯಕ್ಕೂ ಒಂದು ಮೊದಲ ದಿನವಿರುತ್ತದೆ. ಆ ದಿನ ಅದು ಇನ್ನೂ ಸಂಪ್ರದಾಯವಾಗಿರುವುದಿಲ್ಲ. ಕೆಲವೊಮ್ಮೆ ಅದಕ್ಕೆ ಜನರ ಮೆಚ್ಚುಗೆಯೂ ದೊರೆತಿರುವುದಿಲ್ಲ. ಇದಕ್ಕೆ ಒಳ್ಳೆಯ ನಿದರ್ಶನ ‘ನಟ್‌ಕ್ರ್ಯಾಕರ್’ ಎಂಬ ಬ್ಯಾಲೆ. ಇಂದು ಅಮೆರಿಕ, ಇಂಗ್ಲೆಂಡ್ ಮೊದಲಾದ ದೇಶಗಳ ಎಷ್ಟೋ ಕುಟುಂಬಗಳಿಗೆ ಇದನ್ನು ನೋಡದಿದ್ದರೆ ಕ್ರಿಸ್‌ಮಸ್ ಹಬ್ಬ ಪೂರ್ಣವಾಗುವುದಿಲ್ಲ.

ಬ್ಯಾಲೆ ಎಂಬುದು ಯುರೋಪಿನ ಶಾಸ್ತ್ರೀಯ ನೃತ್ಯನಾಟಕ. ಇದರಲ್ಲಿ ಪಾತ್ರಧಾರಿಗಳು ಸಾಮಾನ್ಯವಾಗಿ ಮಾತನಾಡುವುದಿಲ್ಲ, ಹಾಡುವುದೂ ಇಲ್ಲ. ವಾದ್ಯವೃಂದದ ಸಂಗೀತಕ್ಕೆ ಹೆಜ್ಜೆ ಹಾಕುತ್ತ, ಅಭಿನಯದಿಂದಲೇ ಕಥೆಯನ್ನು ನಿರೂಪಿಸುತ್ತಾರೆ. ನಟ್‌ಕ್ರ್ಯಾಕರ್ ಎಂದರೆ ಗಟ್ಟಿ ಚಿಪ್ಪಿನ ಕಾಯಿಗಳನ್ನು ಒಡೆಯುವ ಸಾಧನ. ನಮ್ಮ ಹಿರಿಯರ ಎಲೆಯಡಕೆಯ ತಟ್ಟೆಯಲ್ಲಿ ಅಡಕತ್ತರಿ ಇರುವಂತೆ, ಯುರೋಪಿನ ಮನೆಗಳಲ್ಲಿ ಅಕ್ರೋಟ ಒಡೆಯಲು ಇದು ಬೇಕು. ಜರ್ಮನಿಯ ಮರಗೆಲಸದವರು ಇದನ್ನು ಸಿಪಾಯಿಯ ಬೊಂಬೆಯಾಗಿ ಕೆತ್ತುತ್ತಿದ್ದರು. ಬೊಂಬೆಯ ಬಾಯಲ್ಲಿ ಕಾಯಿಯನ್ನಿಟ್ಟು ಬೆನ್ನಿನ ಹಿಡಿಯನ್ನು ಒತ್ತಿದರೆ ದವಡೆ ಮುಚ್ಚಿಕೊಂಡು ಚಿಪ್ಪು ಒಡೆಯುತ್ತಿತ್ತು.

ಇಂಥದೊಂದು ಬೊಂಬೆಯನ್ನು ಕುರಿತು ಜರ್ಮನ್ ಲೇಖಕ ಇ.ಟಿ.ಎ. ಹಾಫ್‌ಮನ್ 1816ರಲ್ಲಿ ಒಂದು ಅದ್ಭುತ ಕಥೆಯನ್ನು ಬರೆದನು. ಫ್ರಾನ್ಸಿನ ಅಲೆಕ್ಸಾಂಡರ್ ಡ್ಯೂಮ ಅದನ್ನು ತನ್ನ ರೀತಿಯಲ್ಲಿ ಮತ್ತೆ ಹೇಳಿದನು. ಬ್ಯಾಲೆಯ ಕಥೆಗೆ ಈ ಎರಡನೆಯ ರೂಪವೇ ಆಧಾರ.

ಕ್ರಿಸ್‌ಮಸ್ಸಿನ ಹಿಂದಿನ ರಾತ್ರಿ ಕ್ಲಾರಾ ಎಂಬ ಬಾಲಕಿಗೆ, ಮನೆಯವರ ಹಿತೈಷಿಯಾದ ಮುದುಕನೊಬ್ಬ ನಟ್‌ಕ್ರ್ಯಾಕರ್ ಬೊಂಬೆಯನ್ನು ಕೊಡುತ್ತಾನೆ. ತುಂಟನಾದ ತಮ್ಮ ಅದನ್ನು ಮುರಿದುಹಾಕುತ್ತಾನೆ. ಎಲ್ಲರೂ ಮಲಗಿದ ಮೇಲೆ ಕ್ಲಾರಾ ಗಾಯಗೊಂಡ ತನ್ನ ಬೊಂಬೆಯನ್ನು ನೋಡಲು ಬರುತ್ತಾಳೆ. ಗಡಿಯಾರ ಹನ್ನೆರಡು ಬಾರಿಸುತ್ತದೆ. ಕ್ರಿಸ್‌ಮಸ್ ಮರ ಮುಗಿಲೆತ್ತರಕ್ಕೆ ಬೆಳೆಯುತ್ತದೆ; ಮೂಲೆಮೂಲೆಗಳಿಂದ ಇಲಿಗಳ ದಂಡು ಹೊರಡುತ್ತದೆ. ಬೊಂಬೆ ಸೇನಾಪತಿಯಾಗಿ ಇಲಿಗಳ ರಾಜನೊಡನೆ ಕಾದುತ್ತದೆ. ಬೊಂಬೆ ಸೋಲುವ ಸಮಯಕ್ಕೆ ಕ್ಲಾರಾ ತನ್ನ ಪಾದರಕ್ಷೆಯನ್ನೇ ಎಸೆದು ಅದನ್ನು ಕಾಪಾಡುತ್ತಾಳೆ. ಬೊಂಬೆ ರಾಜಕುಮಾರನಾಗಿ ಮಾರ್ಪಟ್ಟು, ಹಿಮ ಸುರಿಯುವ ಕಾಡಿನ ಮೂಲಕ ಅವಳನ್ನು ಮಿಠಾಯಿಗಳ ನಾಡಿಗೆ ಕರೆದೊಯ್ಯುತ್ತದೆ. ಅಲ್ಲಿಯ ಒಡತಿಯಾದ ಸಕ್ಕರೆಯ ಅಪ್ಸರೆ ಅವರಿಬ್ಬರನ್ನೂ ಸತ್ಕರಿಸುತ್ತಾಳೆ.

ಇದಕ್ಕೆ ಸಂಗೀತವನ್ನು ರಚಿಸಿದವನು ರಷ್ಯದ ಪ್ರಸಿದ್ಧ ಸಂಗೀತಕಾರ ಪ್ಯೋತರ್ ಚೈಕೊವ್‌ಸ್ಕಿ. ನೃತ್ಯಗುರು ಮರಿಯಸ್ ಪೆಟಿಪಾ ಯಾವ ಸನ್ನಿವೇಶಕ್ಕೆ ಎಷ್ಟು ಅಳತೆಯ ಸಂಗೀತ ಬೇಕೆಂದು ಮೊದಲೇ ಬರೆದುಕೊಟ್ಟಿದ್ದನು. ಇಂಥ ಕಟ್ಟುಪಾಡಿನೊಳಗೆ ಚೈಕೊವ್‌ಸ್ಕಿ ದುಡಿಯಬೇಕಾಯಿತು. ರಚನೆ ನಡೆಯುತ್ತಿದ್ದ 1891ರಲ್ಲಿ ಅವನ ಪ್ರೀತಿಯ ತಂಗಿ ತೀರಿಕೊಂಡಳು. ಆಗ ಪ್ಯಾರಿಸ್ಸಿನಲ್ಲಿದ್ದ ಅವನು ಆ ಸುದ್ದಿಯನ್ನು ವೃತ್ತಪತ್ರಿಕೆಯಲ್ಲಿ ಓದಿ ತಿಳಿದನು. ಅಪ್ಸರೆ ಮತ್ತು ಅವಳ ಜೊತೆಗಾರನ ಯುಗಳನೃತ್ಯದಲ್ಲಿ ಮೇಲಿನ ಸ್ವರದಿಂದ ಒಂದೊಂದೇ ಸ್ವರವಾಗಿ ಕೆಳಗಿಳಿಯುವ ರಾಗವೊಂದಿದೆ. ಮಿಠಾಯಿನಾಡಿನ ಸಂಭ್ರಮದ ನಡುವೆ ಕೇಳಿಬರುವ ಆ ಅವರೋಹಣದಲ್ಲಿ ತಂಗಿಯ ಅಗಲಿಕೆಯ ನೋವು ಅಡಗಿದೆಯೆಂದು ಕೆಲವರು ಭಾವಿಸುತ್ತಾರೆ.

ಪ್ಯಾರಿಸ್ಸಿನಲ್ಲಿಯೇ ಅವನು ‘ಸೆಲೆಸ್ಟಾ’ ಎಂಬ ಹೊಸ ವಾದ್ಯವನ್ನು ಕಂಡನು. ನೋಡಲು ಚಿಕ್ಕ ಪಿಯಾನೋವಿನಂತಿರುವ ಇದರಲ್ಲಿ ಪುಟ್ಟ ಸುತ್ತಿಗೆಗಳು ಉಕ್ಕಿನ ಪಟ್ಟಿಗಳನ್ನು ಬಡಿದಾಗ ಕಿರುಗಂಟೆಗಳಂಥ ನಾದ ಹೊರಡುತ್ತದೆ. ಬೇರೆ ಸಂಗೀತಕಾರರು ತನಗಿಂತ ಮೊದಲೇ ಬಳಸಿಬಿಟ್ಟಾರೆಂಬ ಶಂಕೆಯಿಂದ, ಅದನ್ನು ಗುಟ್ಟಾಗಿ ತರಿಸಬೇಕೆಂದು ತನ್ನ ಪ್ರಕಾಶಕನಿಗೆ ಅವನು ಪತ್ರ ಬರೆದನು. ಸಕ್ಕರೆಯ ಅಪ್ಸರೆಯ ನೃತ್ಯದಲ್ಲಿ ಕೇಳಿಬರುವುದು ಇದರ ನಾದವೇ.

1892ರ ಡಿಸೆಂಬರ್ 18ರಂದು ಸೇಂಟ್ ಪೀಟರ್ಸ್‌ಬರ್ಗ್ ನಗರದ ಮಾರಿಯಿನ್‌ಸ್ಕಿ ರಂಗಮಂದಿರದಲ್ಲಿ ಇದರ ಪ್ರಥಮ ಪ್ರದರ್ಶನ ನಡೆಯಿತು. ಪೆಟಿಪಾ ಕಾಯಿಲೆ ಬಿದ್ದುದರಿಂದ ಅವನ ಸಹಾಯಕ ಲೆವ್ ಇವಾನೊವ್ ನೃತ್ಯಗಳನ್ನು ಸಂಯೋಜಿಸಿದ್ದನು. ಅದೇ ವರ್ಷ ಮಾರ್ಚಿಯಲ್ಲಿ, ಈ ಸಂಗೀತದ ಆಯ್ದ ಭಾಗಗಳನ್ನು ವಾದ್ಯವೃಂದ ನುಡಿಸಿದಾಗ ಶ್ರೋತೃಗಳು ಬಹುವಾಗಿ ಮೆಚ್ಚಿದ್ದರು. ಆದರೆ ರಂಗದ ಮೇಲಿನ ಬ್ಯಾಲೆ ವಿಮರ್ಶಕರ ಮನಸ್ಸನ್ನು ಗೆಲ್ಲಲಿಲ್ಲ. ಯುದ್ಧದ ದೃಶ್ಯ ಗೊಂದಲಮಯವೆಂದರು. ಮುಖ್ಯ ನರ್ತಕಿ ಕುಣಿಯುವುದು ನಾಟಕದ ಉತ್ತರಾರ್ಧದಲ್ಲಿ ಮಾತ್ರ, ಅದೂ ಸ್ವಲ್ಪ ಹೊತ್ತು ಎಂದು ದೂರಿದರು. ಎಲ್ಲಕ್ಕಿಂತ ಮಿಗಿಲಾಗಿ, ರಂಗದ ತುಂಬ ಮಕ್ಕಳೇ ತುಂಬಿದ್ದಾರೆಂದು ಆಕ್ಷೇಪಿಸಿದರು. ಮರುವರ್ಷ ಚೈಕೊವ್‌ಸ್ಕಿ ನಿಧನನಾದನು. ತನ್ನ ಕೃತಿಗೆ ಮುಂದೆ ಒದಗಲಿದ್ದ ಕೀರ್ತಿಯನ್ನು ಅವನು ಕಾಣಲಿಲ್ಲ.

ರಷ್ಯದ ಕ್ರಾಂತಿಯ ತರುವಾಯ ಹಲವು ಕಲಾವಿದರು ದೇಶವನ್ನು ಬಿಟ್ಟು ಹೊರಟರು. ಅವರಲ್ಲಿ ನಿಕೊಲಾಯ್ ಸೆರ್ಗೆಯೆವ್ ಎಂಬವನು ಹಳೆಯ ಬ್ಯಾಲೆಗಳ ಹೆಜ್ಜೆಗಳನ್ನು ಸಂಕೇತಗಳಲ್ಲಿ ಬರೆದಿಟ್ಟಿದ್ದ ಪುಸ್ತಕಗಳನ್ನು ತನ್ನೊಡನೆ ಒಯ್ದನು. ಅವುಗಳ ನೆರವಿನಿಂದ 1934ರಲ್ಲಿ ಲಂಡನ್ನಿನಲ್ಲಿ ನಟ್‌ಕ್ರ್ಯಾಕರ್ ಮತ್ತೆ ರಂಗವನ್ನೇರಿತು. 1944ರ ಕ್ರಿಸ್‌ಮಸ್ ಮುನ್ನಾದಿನ, ಮಹಾಯುದ್ಧದ ನಡುವೆಯೇ, ಅಮೆರಿಕದ ಸಾನ್ ಫ್ರಾನ್ಸಿಸ್ಕೋ ನಗರದಲ್ಲಿ ವಿಲಿಯಂ ಕ್ರಿಸ್ಟೆನ್‌ಸೆನ್ ಇದನ್ನು ಸಮಗ್ರವಾಗಿ ಪ್ರಯೋಗಿಸಿದನು.

ಆದರೆ ಇದನ್ನು ಹಬ್ಬದ ಆಚರಣೆಯಾಗಿಸಿದ ಕೀರ್ತಿ ಬಹುಮಟ್ಟಿಗೆ ಜಾರ್ಜ್ ಬ್ಯಾಲಂಚಿನ್‌ಗೆ ಸಲ್ಲಬೇಕು. 1904ರಲ್ಲಿ ಪೀಟರ್ಸ್‌ಬರ್ಗಿನಲ್ಲಿ ಹುಟ್ಟಿದ ಇವನು ನೃತ್ಯಶಾಲೆಯ ವಿದ್ಯಾರ್ಥಿಯಾಗಿದ್ದಾಗ ಮಾರಿಯಿನ್‌ಸ್ಕಿಯ ರಂಗದ ಮೇಲೆ ಇದೇ ಬ್ಯಾಲೆಯಲ್ಲಿ ಕುಣಿದಿದ್ದನು. ವಿಮರ್ಶಕರು ಬೇಡವೆಂದ ಮಕ್ಕಳ ಸಾಲಿನಲ್ಲಿ ಅವನೂ ಬೆಳೆದವನು. 1924ರಲ್ಲಿ ತಾಯ್ನಾಡನ್ನು ತೊರೆದ ಅವನು 1954ರಲ್ಲಿ ನ್ಯೂಯಾರ್ಕ್ ಸಿಟಿ ಬ್ಯಾಲೆ ತಂಡಕ್ಕಾಗಿ ನಟ್‌ಕ್ರ್ಯಾಕರನ್ನು ಹೊಸದಾಗಿ ಸಂಯೋಜಿಸಿದನು. ಬಾಲ್ಯದಲ್ಲಿ ಕಲಿತ ಕೆಲವು ಅಭಿನಯಗಳನ್ನು ನೆನಪಿನಿಂದಲೇ ಅದರಲ್ಲಿ ಉಳಿಸಿಕೊಂಡನು. ಮಕ್ಕಳ ಪಾತ್ರಗಳನ್ನು ಮಕ್ಕಳಿಗೇ ಕೊಟ್ಟನು. ಖರ್ಚು ಹೆಚ್ಚಾದರೂ ಬೆಳೆಯುವ ಮರ ಬೇಕೇ ಬೇಕೆಂದು ಹಟ ಹಿಡಿದನು. ಇಂದು ಆ ತಂಡದ ರಂಗದಲ್ಲಿ 12 ಅಡಿಯ ಮರ ನೋಡನೋಡುತ್ತಿದ್ದಂತೆ 41 ಅಡಿಗೆ ಬೆಳೆಯುತ್ತದೆ. ನೃತ್ಯಶಾಲೆಯ ನೂರಕ್ಕೂ ಹೆಚ್ಚು ಮಕ್ಕಳು ಎರಡು ಗುಂಪುಗಳಾಗಿ ಸರದಿಯ ಮೇಲೆ ಅಭಿನಯಿಸುತ್ತಾರೆ. 1957 ಮತ್ತು 1958ರಲ್ಲಿ ದೂರದರ್ಶನದ ಮೂಲಕ ಈ ಪ್ರಯೋಗ ಮನೆಮನೆಯನ್ನೂ ತಲುಪಿತು.

ಮುಂದೆ ಅಮೆರಿಕದ ಸಣ್ಣಪುಟ್ಟ ಊರುಗಳ ನೃತ್ಯಶಾಲೆಗಳೂ ಇದನ್ನು ಪ್ರತಿ ಡಿಸೆಂಬರಿನಲ್ಲಿ ಆಡತೊಡಗಿದವು. ಊರಿನ ಮಗು ಇಲಿಯಾಗಿಯೋ ಸಿಪಾಯಿಯಾಗಿಯೋ ರಂಗಕ್ಕೆ ಬಂದರೆ ಅಜ್ಜ ಅಜ್ಜಿ, ನೆರೆಹೊರೆಯವರೆಲ್ಲ ನೋಡಲು ಬರುತ್ತಾರೆ. ಇದರಿಂದ ಬರುವ ಹಣವೇ ಎಷ್ಟೋ ತಂಡಗಳ ವರ್ಷವಿಡೀ ಕಾರ್ಯಕ್ರಮಗಳಿಗೆ ಆಧಾರ. 2020ರಲ್ಲಿ ಕೊರೋನಾ ಪಿಡುಗಿನಿಂದ ರಂಗಮಂದಿರಗಳು ಮುಚ್ಚಿದಾಗ ಈ ಆಧಾರವೇ ಕುಸಿದು, ಅವು ಸಂಕಟಕ್ಕೊಳಗಾದವು. ಸಂಪ್ರದಾಯವೆಂದು ಇದರಲ್ಲಿ ಎಲ್ಲವನ್ನೂ ಇದ್ದಂತೆಯೇ ಉಳಿಸಿಕೊಂಡಿಲ್ಲ. ಚೀನೀಯರನ್ನು ನಗೆಪಾಟಲು ಮಾಡುವಂತಿದ್ದ ವೇಷ ಮತ್ತು ಭಂಗಿಗಳನ್ನು ಇತ್ತೀಚಿನ ವರ್ಷಗಳಲ್ಲಿ ಅನೇಕ ತಂಡಗಳು ತಿದ್ದಿಕೊಂಡಿವೆ.

ಅಂದು ಯಾವುದನ್ನು ದೋಷವೆಂದು ಹಳಿದರೋ ಅದೇ ಈ ಕೃತಿಯ ಜೀವಾಳವಾಯಿತು. ಇಂದು ಇಲಿಯ ವೇಷ ಧರಿಸಿದ ಬಾಲಕಿ ಮುಂದೊಂದು ದಿನ ಅಪ್ಸರೆಯಾಗಿ ಕುಣಿಯಬಹುದು. ಇಲ್ಲವೇ ತನ್ನ ಮಗಳ ಕೈಹಿಡಿದು ಪ್ರೇಕ್ಷಕರ ಸಾಲಿನಲ್ಲಿ ಕುಳಿತುಕೊಳ್ಳಬಹುದು. ಕಲೆಯನ್ನು ಕಲಿತವರು ಅದನ್ನು ಕಿರಿಯರ ಕೈಗೆ ಒಪ್ಪಿಸಬೇಕು. ಕಿರಿಯರು ಅದನ್ನು ಪ್ರೀತಿಯಿಂದ ಸ್ವೀಕರಿಸಬೇಕು. ಸಂಪ್ರದಾಯ ಬದುಕುವುದು ಹೀಗೆ. ಮುರಿದ ಬೊಂಬೆಯನ್ನು ಎಸೆಯದೆ ಎದೆಗವಚಿಕೊಂಡ ಕ್ಲಾರಾಳ ಕಥೆ ಒಂದು ರೀತಿಯಲ್ಲಿ ಈ ಬ್ಯಾಲೆಯ ಕಥೆಯೂ ಹೌದು.

ಅಭ್ಯಾಸ

1. ನಟ್‌ಕ್ರ್ಯಾಕರ್ ಬೊಂಬೆಯ ರಚನೆಯನ್ನು ವಿವರಿಸಿ.
2. ಸೆಲೆಸ್ಟಾ ವಾದ್ಯವನ್ನು ಚೈಕೊವ್‌ಸ್ಕಿ ಗುಟ್ಟಾಗಿ ತರಿಸಬಯಸಿದುದೇಕೆ?
3. ಪ್ರಥಮ ಪ್ರದರ್ಶನವನ್ನು ಕುರಿತು ವಿಮರ್ಶಕರು ಎತ್ತಿದ ಆಕ್ಷೇಪಗಳಾವುವು?
4. ‘ಅಂದು ಯಾವುದನ್ನು ದೋಷವೆಂದು ಹಳಿದರೋ ಅದೇ ಈ ಕೃತಿಯ ಜೀವಾಳವಾಯಿತು.’ ಈ ಮಾತನ್ನು ಸಮರ್ಥಿಸಿ.
5. ನಿಮ್ಮ ಊರಿನಲ್ಲಿ ಹಿರಿಯರಿಂದ ಕಿರಿಯರಿಗೆ ಬಂದಿರುವ ಒಂದು ಕಲೆಯನ್ನು ಕುರಿತು ಹತ್ತು ವಾಕ್ಯಗಳಲ್ಲಿ ಬರೆಯಿರಿ.