ಕುಚ್ಚು ಹುಲ್ಲಿಗೆ ಮರುಳಾಗುವ ಮುನ್ನ

ದೇವನಹಳ್ಳಿ, ದೊಡ್ಡಬಳ್ಳಾಪುರದ ಕಡೆ ಫಾರ್ಮ್‌ಹೌಸ್ ಕಟ್ಟಿಸಿ ಬೇಲಿಯುದ್ದಕ್ಕೂ ಕುಚ್ಚು ತೂಗುವ ಹುಲ್ಲು ಹಾಕಿಸುವ ಆಸೆಯಿದ್ದರೆ, ನರ್ಸರಿಯವರನ್ನು ಮೊದಲು ತಳಿ ಕೇಳಿ. ಆಸೆ ತಪ್ಪಲ್ಲ, ನೀರು ಕಮ್ಮಿ ಸಾಕು, ಸಂಜೆ ಬಿಸಿಲಿಗೆ ತೆನೆ ಹೊಳೆಯುವುದೂ ಚೆಂದವೇ. ಆದರೆ ಉತ್ತರ ಆಫ್ರಿಕಾ ಕಡೆಯ ಹಸಿರು ಫೌಂಟನ್ ಹುಲ್ಲಿನ ತೆನೆಯನ್ನು ಬೆರಳಲ್ಲಿ ಉಜ್ಜಿ ನೋಡಿ: ಒಂದೊಂದು ಕಾಳಿಗೂ ರೋಮದ ಗೊಂಚಲು. ಗಾಳಿಗೆ ಹಾರಲು, ದನದ ಮೈಗೆ, ಪಂಚೆಗೆ ಅಂಟಲು ಅಷ್ಟು ಸಾಕು. ಮಣ್ಣಿಗೆ ಬಿದ್ದ ಬೀಜ ವರ್ಷಗಟ್ಟಲೆ ಜೀವ ಹಿಡಿದಿರುತ್ತದೆ. ಹವಾಯಿಯಲ್ಲಿ ಅಲಂಕಾರಕ್ಕೆಂದು ತಂದ ಇದೇ ಹುಲ್ಲು ಲಾವಾ ಬಯಲಿಗೆಲ್ಲ ಹಬ್ಬಿ, ಒಣಗಿ, ಕಾಳ್ಗಿಚ್ಚಿಗೆ ಸೌದೆಯಾಯಿತು; ಸುಟ್ಟ ಮೇಲೆ ಬೇಗ ಚಿಗುರುವುದೂ ಅದೇ. ದಕ್ಷಿಣ ಅಮೆರಿಕದ ಪಂಪಾಸ್ ಹುಲ್ಲನ್ನಂತೂ ನ್ಯೂಜಿಲೆಂಡಿನಲ್ಲಿ ಮಾರುವಂತೆಯೇ ಇಲ್ಲ.

‘ನಮ್ಮಲ್ಲಿ ಅದೇನೂ ಹಬ್ಬಿಲ್ಲವಲ್ಲ’ ಅನ್ನಬಹುದು. ಲಂಟಾನ ಕೂಡ 19ನೇ ಶತಮಾನದ ಆರಂಭದಲ್ಲಿ ಹೂವಿನ ಗಿಡವಾಗಿಯೇ ಭಾರತಕ್ಕೆ ಬಂತು. ಬಂಡೀಪುರದಲ್ಲಿ ಇಂದಿಗೂ ಅದನ್ನು ಕಿತ್ತು ಮುಗಿದಿಲ್ಲ. ಹಬ್ಬಿದ್ದು ಕಣ್ಣಿಗೆ ಬೀಳುವ ಹೊತ್ತಿಗೆ ಕೀಳುವ ಕಾಲ ಮೀರಿರುತ್ತದೆ. ಇಲ್ಲಿ ರಾಗಿ ಹೊಲ, ಗೋಮಾಳ, ಬತ್ತಿದ ಕೆರೆಯಂಗಳ ತೋಟದ ಬೇಲಿಗೇ ಅಂಟಿಕೊಂಡಿರುತ್ತವೆ. ಹೆಸರಘಟ್ಟದ ಹುಲ್ಲುಗಾವಲೂ ದೂರವಿಲ್ಲ. ‘ಇದು ಬೀಜ ಕಟ್ಟದ ತಳಿ’ ಎಂಬ ವ್ಯಾಪಾರಿಯ ಮಾತು ಅರ್ಧ ಸರಿ. ನೇರಳೆ ಎಲೆಯ ಫೌಂಟನ್ ಹುಲ್ಲು ಬೀಜ ಕಟ್ಟುವುದು ಅಪರೂಪ, ಅದು ಇರಲಿ. ಬೀಜದಿಂದ ಎಬ್ಬಿಸಿದ ಪಂಪಾಸ್ ಸಸಿಗೆ ಆ ಭರವಸೆಯಿಲ್ಲ. ಎತ್ತರದ ಹುಲ್ಲೇ ಬೇಕೆಂದರೆ ಲಾವಂಚ ಇದೆಯಲ್ಲ: ಆಳೆತ್ತರ ಬೆಳೆಯುತ್ತದೆ, ಬೇರು ಬದುವಿನ ಮಣ್ಣು ಹಿಡಿಯುತ್ತದೆ, ಬುಡ ಒಡೆದೇ ನೆಡುವುದು. ಈಗಾಗಲೇ ಹಸಿರು ಜಾತಿ ಹಾಕಿದ್ದರೆ ತೆನೆ ಬಲಿಯುವ ಮೊದಲೇ ಕತ್ತರಿಸಿ ಚೀಲಕ್ಕೆ ತುಂಬಿ. ತಿಪ್ಪೆಗೆ ಮಾತ್ರ ಎಸೆಯಬೇಡಿ.