ಹಿಂದಿನ ಸಾಲಿನಲ್ಲಿ ಆಡುವವಳಿಗೆ

ಪ್ರೀತಿಯ ಮಗಳೇ,

ಫುಟ್‌ಬಾಲ್ ಆಡಲು ಬರುವ ಹುಡುಗಿಯರಲ್ಲಿ ಬಹುಪಾಲು ಮಂದಿ ಗೋಲು ಹೊಡೆಯುವ ಆಸೆಯಿಂದಲೇ ಬರುತ್ತಾರೆ. ಹಾಗಾಗಿ ಕೋಚ್ ಒಂದು ದಿನ ನಿನ್ನನ್ನು ಮುಂದಿನಿಂದ ತೆಗೆದು ಹಿಂದೆ, ಸೆಂಟರ್ ಬ್ಯಾಕ್ ಜಾಗದಲ್ಲಿ ನಿಲ್ಲಿಸಿದರೆ, ಕೆಲಸಕ್ಕೆ ಬಾರದವಳೆಂದು ಮೂಲೆಗೆ ತಳ್ಳಿದರೇನೋ ಅನ್ನಿಸಿಬಿಡುತ್ತದೆ. ಹಾಗೆ ಅನ್ನಿಸುವ ನಿನ್ನಂಥವರಿಗಾಗಿಯೇ ಈ ಪತ್ರ. ಹೇಳಬೇಕಾದ್ದನ್ನು ಮೊದಲೇ ಹೇಳಿಬಿಡುತ್ತೇನೆ: ಡಿಫೆಂಡರ್ ಆಗಿ ಬದುಕು ಕಟ್ಟಿಕೊಳ್ಳುವುದು ಸಾಧ್ಯ, ಆದರೆ ಅದನ್ನು ಒಬ್ಬಳೇ ಕಟ್ಟಿಕೊಳ್ಳಲಾಗದು. ಮೈದಾನದ ಒಳಗೂ ಹೊರಗೂ ಅದು ಪಕ್ಕದವರ ಜೊತೆ ಸೇರಿ ಮಾಡುವ ಕೆಲಸ. ಇದಕ್ಕೆ ಸ್ಪೇನ್ ದೇಶವನ್ನು ನೋಡು ಎನ್ನುತ್ತೇನೆ. ಅಲ್ಲಿನ ಹೆಂಗಸರ ತಂಡ ಮೊದಲ ಬಾರಿಗೆ ವಿಶ್ವಕಪ್ ಆಡಿದ್ದು 2015ರಲ್ಲಿ. ಎಂಟೇ ವರ್ಷಕ್ಕೆ ಅದು ಜಗತ್ತನ್ನು ಗೆದ್ದಿತು. ಅಷ್ಟೇ ಅವಧಿಯಲ್ಲಿ ಅಲ್ಲಿ ಹೆಂಗಸರ ಫುಟ್‌ಬಾಲು ಹವ್ಯಾಸದಿಂದ ಸಂಬಳದ ಕೆಲಸವಾಯಿತು. ಈ ಎರಡು ಬದಲಾವಣೆಗಳಲ್ಲೂ ಹಿಂದಿನ ಸಾಲಿನವರ ಕೈ ದೊಡ್ಡದು.

ನೀನು ಕೇಳಬಹುದಾದ ಮೊದಲ ಪ್ರಶ್ನೆ ನನಗೆ ಗೊತ್ತು. ಹೆಸರು ಯಾರಿಗೆ ಬರುತ್ತದೆ? ವರ್ಷದ ಶ್ರೇಷ್ಠ ಆಟಗಾರ್ತಿಗೆ ಕೊಡುವ ಬ್ಯಾಲನ್ ಡೋರ್ ಪ್ರಶಸ್ತಿ 2021 ಮತ್ತು 2022ರಲ್ಲಿ ಅಲೆಕ್ಸಿಯಾ ಪುತೆಯಾಸ್ ಅವರಿಗೆ, 2023ರಿಂದ 2025ರವರೆಗೆ ಮೂರು ಸಲ ಐತಾನಾ ಬೊನ್ಮತಿ ಅವರಿಗೆ ಸಿಕ್ಕಿತು. ಇಬ್ಬರೂ ಸ್ಪೇನಿನವರು, ಇಬ್ಬರೂ ಮಿಡ್‌ಫೀಲ್ಡರುಗಳು. 2018ರಲ್ಲಿ ಹೆಂಗಸರಿಗೆ ಈ ಪ್ರಶಸ್ತಿ ಶುರುವಾದಾಗಿನಿಂದ 2025ರವರೆಗೆ ಒಬ್ಬ ಡಿಫೆಂಡರ್‌ಗೂ ಅದು ಬಂದಿರಲಿಲ್ಲ. ಇದು ಅನ್ಯಾಯವೇ? ಸ್ವಲ್ಪ ಮಟ್ಟಿಗೆ ಹೌದು. ಆದರೆ ಪ್ರಶಸ್ತಿಯ ಕಣ್ಣಿಗೂ ಮಾರುಕಟ್ಟೆಯ ಕಣ್ಣಿಗೂ ವ್ಯತ್ಯಾಸವಿದೆ. 2017ರಲ್ಲಿ ಬಾರ್ಸಿಲೋನಾ ಕ್ಲಬ್ಬು ಸಾರಗೋಸಾ ಊರಿನ ಮಾಪಿ ಲೆಯೊನ್ ಅವರನ್ನು ಅಟ್ಲೆಟಿಕೊ ಮ್ಯಾಡ್ರಿಡ್‌ನಿಂದ 50,000 ಯೂರೊ ಕೊಟ್ಟು ತಂದಿತು. ಸ್ಪೇನಿನ ಕ್ಲಬ್ಬುಗಳ ನಡುವೆ ಆಟಗಾರ್ತಿಯೊಬ್ಬಳಿಗಾಗಿ ಹಣ ಕೈಬದಲಾದದ್ದು ಅದೇ ಮೊದಲು, ಮತ್ತು ಆಕೆ ಡಿಫೆಂಡರ್. 2025ರ ಜನವರಿಯಲ್ಲಿ ಹೆಂಗಸರ ಫುಟ್‌ಬಾಲಿನಲ್ಲಿ ಮೊದಲ ಬಾರಿಗೆ ವರ್ಗಾವಣೆ ಮೊತ್ತ ಹತ್ತು ಲಕ್ಷ ಡಾಲರ್ ದಾಟಿದಾಗ ಚೆಲ್ಸಿ ಕ್ಲಬ್ಬು ಕೊಂಡದ್ದು ಅಮೆರಿಕದ ನಯೋಮಿ ಗಿರ್ಮಾ ಅವರನ್ನು. ಅವರೂ ಸೆಂಟರ್ ಬ್ಯಾಕ್. ಪ್ರಶಸ್ತಿಗೆ ಮತ ಹಾಕುವವರು ಗೋಲು ನೋಡುತ್ತಾರೆ. ದುಡ್ಡು ಕೊಡುವವರು ತಂಡಕ್ಕೆ ಯಾರಿಲ್ಲದಿದ್ದರೆ ನಡೆಯುವುದಿಲ್ಲ ಎಂದು ಲೆಕ್ಕ ಹಾಕುತ್ತಾರೆ. ನನ್ನನ್ನು ಕೇಳಿದರೆ ಎರಡನೆಯ ಲೆಕ್ಕವೇ ಹೆಚ್ಚು ನಂಬಿಕೆಗೆ ಯೋಗ್ಯ.

ಆ ಲೆಕ್ಕದ ಹಿಂದಿರುವ ಕೆಲಸ ಎಂಥದ್ದು ನೋಡು. ನಮ್ಮ ಕಬಡ್ಡಿಯಲ್ಲಿ ಹಿಡಿಯುವವರು ಕೈಕೈ ಹಿಡಿದು ಸರಪಳಿ ಕಟ್ಟುತ್ತಾರಲ್ಲ, ಒಬ್ಬಳು ಅವಸರಪಟ್ಟು ಮುನ್ನುಗ್ಗಿದರೆ ಇಡೀ ಸರಪಳಿ ಸಡಿಲವಾಗುತ್ತದೆ. ಫುಟ್‌ಬಾಲಿನ ರಕ್ಷಣಾ ಸಾಲು ಕೈ ಹಿಡಿಯದೆ ಕಟ್ಟುವ ಅಂಥದ್ದೇ ಸರಪಳಿ. ನಾಲ್ವರಲ್ಲಿ ಒಬ್ಬಳು ಎರಡು ಹೆಜ್ಜೆ ಹಿಂದುಳಿದರೂ ಆಫ್‌ಸೈಡ್ ಗೆರೆ ಮುರಿಯಿತು. ಬಾರ್ಸಿಲೋನಾದಂಥ ತಂಡದಲ್ಲಿ ಈ ಸಾಲು ಮೈದಾನದ ನಡುಗೆರೆಯ ಹತ್ತಿರಕ್ಕೇ ಏರಿ ನಿಲ್ಲುತ್ತದೆ; ಬೆನ್ನ ಹಿಂದೆ ಮೂವತ್ತು ನಲವತ್ತು ಮೀಟರ್ ಬಯಲು. ತೊಂಬತ್ತು ನಿಮಿಷದಲ್ಲಿ ಎದುರಾಳಿಗೆ ಎರಡೋ ಮೂರೋ ಅವಕಾಶ ಸಿಗಬಹುದು, ಆದರೆ ಸಿಕ್ಕ ಪ್ರತಿಯೊಂದೂ ಗೋಲಾಗುವಂಥದ್ದೇ. ಆ ತಂಡದ ಡಿಫೆಂಡರ್‌ಗೆ ಬಿಡುವಾಗಿ ನಿಂತಿರುವುದೇ ಕೆಲಸ ಎಂದುಕೊಳ್ಳುವವರು ಈ ಬಯಲನ್ನು ಮರೆಯುತ್ತಾರೆ. 2023ರ ಆಗಸ್ಟ್ 20ರಂದು ಸಿಡ್ನಿಯಲ್ಲಿ ನಡೆದ ವಿಶ್ವಕಪ್ ಫೈನಲ್ಲಿನ 29ನೇ ನಿಮಿಷ ಇದಕ್ಕೆ ಸಾಕ್ಷಿ. ಇಂಗ್ಲೆಂಡಿನ ರೈಟ್ ಬ್ಯಾಕ್ ಲೂಸಿ ಬ್ರಾಂಝ್ ತಮ್ಮ ಜಾಗ ಬಿಟ್ಟು ಚೆಂಡಿನೊಂದಿಗೆ ನಡುಮೈದಾನಕ್ಕೆ ನುಗ್ಗಿದರು, ಅಲ್ಲಿ ಚೆಂಡು ಕಳೆದುಕೊಂಡರು. ಸ್ಪೇನ್ ತಡಮಾಡಲಿಲ್ಲ, ಚೆಂಡು ನೇರ ಅವರು ಬಿಟ್ಟುಬಂದ ಬದಿಗೆ ಹೋಯಿತು, ಮಾರಿಯೊನಾ ಕಾಲ್ದೆಂತೆಯ್ ಅವರಿಂದ ಪಾಸ್ ಪಡೆದು ಓಡಿಬಂದ ಲೆಫ್ಟ್ ಬ್ಯಾಕ್ ಓಲ್ಗಾ ಕಾರ್ಮೊನಾ ಎಡಗಾಲಿನಿಂದ ದೂರದ ಮೂಲೆಗೆ ಹೊಡೆದರು. ಪಂದ್ಯದ ಏಕೈಕ ಗೋಲು ಅದು. ವಿಶ್ವಕಪ್ಪನ್ನು ನಿರ್ಧರಿಸಿದ್ದು ಒಬ್ಬ ಡಿಫೆಂಡರ್ ತೆರವು ಮಾಡಿದ ಜಾಗ ಮತ್ತು ಅದನ್ನು ಕಂಡ ಇನ್ನೊಬ್ಬ ಡಿಫೆಂಡರ್. ಕಾರ್ಮೊನಾ ಮುಂದೆ ಹೋದಾಗ ಹಿಂದೆ ಉಳಿದ ಡಿಫೆಂಡರ್‌ಗಳಾದ ಪರೇದೆಸ್, ಕೊದಿನಾ, ಬಾಟ್ಲೆ ಸಾಲು ಹಿಡಿದು ನಿಂತಿದ್ದರು ಎಂಬುದನ್ನು ಮಾತ್ರ ಯಾರೂ ಮರುಪ್ರಸಾರದಲ್ಲಿ ತೋರಿಸುವುದಿಲ್ಲ.

ಇಲ್ಲಿ ಒಂದು ಆಕ್ಷೇಪ ಬರುತ್ತದೆ, ಅದು ಸುಳ್ಳಲ್ಲ. ಸ್ಟ್ರೈಕರ್ ಹತ್ತು ಸಲ ತಪ್ಪಿ ಹನ್ನೊಂದನೆಯದಕ್ಕೆ ಗೋಲು ಹೊಡೆದರೆ ನಾಯಕಿ. ಡಿಫೆಂಡರ್ ಹತ್ತು ಸಲ ತಡೆದು ಹನ್ನೊಂದನೆಯದಕ್ಕೆ ತಪ್ಪಿದರೆ ಖಳನಾಯಕಿ. 2022ರ ಅಕ್ಟೋಬರ್ 30ರಂದು ನಮ್ಮ ನವಿ ಮುಂಬೈಯಲ್ಲೇ ನಡೆದ ಹದಿನೇಳು ವರ್ಷದೊಳಗಿನ ಹುಡುಗಿಯರ ವಿಶ್ವಕಪ್ ಫೈನಲ್ಲಿನಲ್ಲಿ ಸ್ಪೇನ್ ಗೆದ್ದದ್ದು 1–0ರಿಂದ, ಅದೂ ಪಂದ್ಯದ ಕೊನೆಯ ಹಂತದಲ್ಲಿ ಕೊಲಂಬಿಯಾದ ಡಿಫೆಂಡರ್ ಒಬ್ಬಳು ತನ್ನದೇ ಬಲೆಗೆ ಹಾಕಿದ ಗೋಲಿನಿಂದ. ಆ ವಯಸ್ಸಿಗೆ ಅದು ಸಣ್ಣ ಭಾರವಲ್ಲ. ಆದರೆ ಈ ಭಾರವನ್ನು ಹೊರುವ ರೀತಿ ಕಲಿಯಬಹುದಾದದ್ದು. 2023ರ ವಿಶ್ವಕಪ್ಪಿನಲ್ಲೇ ಸ್ಪೇನ್ ಜಪಾನಿನ ಎದುರು 0–4ರಿಂದ ಸೋತ ಮೇಲೆ ತಂಡದ ಹಿಂಬದಿಯನ್ನು ಬದಲಿಸಿ ಲಾಯಾ ಕೊದಿನಾ ಅವರನ್ನು ಆಡಿಸಿದರು. ಸ್ವಿಟ್ಜರ್ಲೆಂಡ್ ಎದುರಿನ ಮುಂದಿನ ಪಂದ್ಯದ ಹನ್ನೊಂದನೆಯ ನಿಮಿಷದಲ್ಲಿ ಅವರು ಬಲು ದೂರದಿಂದ ಗೋಲ್‌ಕೀಪರ್‌ಗೆಂದು ಹಿಂದಕ್ಕೆ ತಳ್ಳಿದ ಚೆಂಡು ನೇರ ತಮ್ಮದೇ ಬಲೆಗೆ ಉರುಳಿತು. ಬೇರೆ ಯಾರಾದರೂ ಆಗಿದ್ದರೆ ಅಲ್ಲಿಗೇ ಕುಗ್ಗಿಹೋಗುತ್ತಿದ್ದರೇನೋ. ಅದೇ ಪಂದ್ಯದಲ್ಲಿ, ವಿರಾಮಕ್ಕೆ ಮುಂಚೆ, ಕೊದಿನಾ ಸರಿಯಾದ ಬಲೆಗೂ ಒಂದು ಗೋಲು ಹಾಕಿದರು. ಸ್ಪೇನ್ 5–1ರಿಂದ ಗೆದ್ದಿತು, ಕೊದಿನಾ ಫೈನಲ್‌ವರೆಗೂ ಜಾಗ ಬಿಟ್ಟುಕೊಡಲಿಲ್ಲ. ಇದನ್ನು ಬರೀ ಮನೋಬಲ ಎಂದು ಹೊಗಳಿ ಮುಗಿಸಬಾರದು. ತಪ್ಪಾದ ಮೇಲೂ ಪಕ್ಕದವರು ಚೆಂಡನ್ನು ಅವರಿಗೇ ಕೊಡುತ್ತ ಹೋದರು. ಸಾಲಿನಲ್ಲಿ ಆಡುವವಳಿಗೆ ಇರುವ ವಿಮೆ ಅದೊಂದೇ.

ಇನ್ನು ವೃತ್ತಿಯ ಉದ್ದದ ಮಾತು. ಇರೇನೆ ಪರೇದೆಸ್ ಅವರ ದಾರಿ ನೋಡಿದರೆ ಅವಸರ ಎಷ್ಟು ಅನಗತ್ಯ ಎಂದು ತಿಳಿಯುತ್ತದೆ. 1991ರಲ್ಲಿ ಬಾಸ್ಕ್ ಪ್ರಾಂತ್ಯದ ಲೆಗಾಸ್ಪಿ ಎಂಬ ಚಿಕ್ಕ ಊರಿನಲ್ಲಿ ಹುಟ್ಟಿದವರು. ರಿಯಲ್ ಸೊಸಿಯೆದಾದ್ ತಂಡದಲ್ಲಿ ಆಡಿ, 2011ರಲ್ಲಿ ಬಿಲ್ಬಾವೊದ ಅಥ್ಲೆಟಿಕ್ ಸೇರಿ, ಐದು ವರ್ಷ ಅಲ್ಲಿದ್ದು 2016ರಲ್ಲಿ ಲೀಗ್ ಗೆದ್ದರು. ಆಮೇಲೆ ಐದು ವರ್ಷ ಪ್ಯಾರಿಸ್ ಸೇಂಟ್ ಜರ್ಮೇನ್. 2021ರಲ್ಲಿ ಆ ತಂಡ ಲಿಯೋನ್ ಕ್ಲಬ್ಬಿನ ಹದಿನಾಲ್ಕು ವರ್ಷಗಳ ಸತತ ಲೀಗ್ ಆಳ್ವಿಕೆಯನ್ನು ಮುರಿದಾಗ ನಾಯಕಿ ಇವರೇ. ಬಾರ್ಸಿಲೋನಾಕ್ಕೆ ಬಂದಾಗ ವಯಸ್ಸು ಮೂವತ್ತು. ಚಾಂಪಿಯನ್ಸ್ ಲೀಗ್, ವಿಶ್ವಕಪ್, ನೇಷನ್ಸ್ ಲೀಗ್ ಗೆಲುವುಗಳೆಲ್ಲ ಬಂದದ್ದು ಅದರ ನಂತರ. 2025ರ ಯೂರೊ ಟೂರ್ನಿಯಲ್ಲಿ ಮೂವತ್ತನಾಲ್ಕರ ವಯಸ್ಸಿನಲ್ಲೂ ನಾಯಕಿಯ ಪಟ್ಟಿ ಅವರ ತೋಳಿನಲ್ಲಿತ್ತು. ಕಾಲಿನ ವೇಗ ಇಪ್ಪತ್ತೈದಕ್ಕೆ ತುದಿ ಮುಟ್ಟಬಹುದು; ಎದುರಾಳಿ ಎಲ್ಲಿಗೆ ಓಡಲಿದ್ದಾಳೆ ಎಂದು ಮುಂಚೆಯೇ ಊಹಿಸಿ ಪಕ್ಕದವಳನ್ನು ಕೂಗಿ ಸರಿಸುವ ಬುದ್ಧಿ ಆ ವಯಸ್ಸಿಗೆ ಇನ್ನೂ ಬಲಿಯುತ್ತಿರುತ್ತದೆ. ವೃತ್ತಿಯನ್ನು ಮೊಟಕಾಗಿಸಬಲ್ಲ ಮೊಣಕಾಲಿನ ಪೆಟ್ಟು ಹೆಂಗಸರಿಗೆ ಗಂಡಸರಿಗಿಂತ ಹೆಚ್ಚು ಎಂಬುದು ನಿಜ. ಅದು ಯಾವ ಜಾಗದಲ್ಲಿ ಆಡುವವರನ್ನೂ ಬಿಡುವುದಿಲ್ಲ.

ಇಷ್ಟು ಮೈದಾನದ ಒಳಗಿನದು. ಹೊರಗಿನದು ಇನ್ನೂ ಮುಖ್ಯ, ಏಕೆಂದರೆ ಪರೇದೆಸ್ ಅವರಂಥ ವೃತ್ತಿ ತುದಿಯಲ್ಲಿರುವ ಕೆಲವರದ್ದು. ಸ್ಪೇನಿನ ಮೇಲಿನ ಲೀಗಿನಲ್ಲಿರುವ ಹದಿನಾರು ತಂಡಗಳಲ್ಲಿ ಕೆಳಗಿನವುಗಳ ಡಿಫೆಂಡರ್‌ಗಳು ವಾರವಾರವೂ ದಾಳಿಗೆ ಎದೆಯೊಡ್ಡಿ, ಸೋತ ಪಂದ್ಯಗಳಲ್ಲಿ ಚೆನ್ನಾಗಿ ಆಡಿ, ಹೆಸರಿಲ್ಲದೆ ನಿವೃತ್ತರಾಗುತ್ತಾರೆ. ಅವರಿಗೆ ಬೇಕಾದ್ದು ಪ್ರಶಸ್ತಿಯಲ್ಲ, ಕಾಲಕಾಲಕ್ಕೆ ಸಂಬಳ. 2019ರ ನವೆಂಬರಿನಲ್ಲಿ ಒಂದು ವಾರಾಂತ್ಯ ಸ್ಪೇನಿನ ಆಟಗಾರ್ತಿಯರು ಮುಷ್ಕರ ಹೂಡಿ ಮೇಲಿನ ಲೀಗಿನ ಒಂದು ಪಂದ್ಯವೂ ನಡೆಯದಂತೆ ಮಾಡಿದರು. ಮುಂದಿನ ಫೆಬ್ರುವರಿಯಲ್ಲಿ ಮೊದಲ ಸಾಮೂಹಿಕ ಒಪ್ಪಂದಕ್ಕೆ ಸಹಿ ಬಿತ್ತು: ಪೂರ್ಣಾವಧಿಗೆ ವರ್ಷಕ್ಕೆ ಕನಿಷ್ಠ 16,000 ಯೂರೊ, ಗಾಯವಾದಾಗ ಮತ್ತು ಬಸಿರಾದಾಗ ರಕ್ಷಣೆ. 2021ರಲ್ಲಿ ಸರ್ಕಾರ ಲೀಗನ್ನು ವೃತ್ತಿಪರವೆಂದು ಘೋಷಿಸಿತು. 2023ರ ಸೆಪ್ಟೆಂಬರಿನಲ್ಲಿ, ವಿಶ್ವಕಪ್ ಗೆದ್ದ ತಿಂಗಳೊಳಗೆ, ಲೀಗಿನ ಮೊದಲ ಸುತ್ತನ್ನೇ ಮತ್ತೆ ನಿಲ್ಲಿಸಿ ಕನಿಷ್ಠ ಸಂಬಳವನ್ನು 21,000 ಯೂರೊಗೆ ಏರಿಸಿಕೊಂಡರು. ನಮ್ಮ ರೂಪಾಯಿಗೆ ಪರಿವರ್ತಿಸಿದರೆ ಆಗಿನ ದರದಲ್ಲಿ ಹತ್ತೊಂಬತ್ತು ಲಕ್ಷದ ಆಸುಪಾಸು. ಅಲ್ಲಿನ ಬಾಡಿಗೆ, ದಿನಸಿಯ ಬೆಲೆಗೆ ಅದು ಮಧ್ಯಮ ವರ್ಗದ ಬದುಕೂ ಅಲ್ಲ. ಆದರೂ ಬೆಳಗ್ಗೆ ಬೇರೆ ಕೆಲಸ, ಸಂಜೆ ತರಬೇತಿ ಎಂದು ಬದುಕಿದ ಹಿಂದಿನ ತಲೆಮಾರಿಗೆ ಹೋಲಿಸಿದರೆ ನೆಲ ಕಾಲಿಗೆ ಸಿಕ್ಕಿದೆ.

ಜನ ಸೇರಿದ್ದು ತಾರೆಯರಿಂದ, ದುಡ್ಡು ಬಂದದ್ದು ಜನರಿಂದ, ಮುಷ್ಕರದಿಂದಲ್ಲ ಎಂದು ವಾದಿಸುವವರಿದ್ದಾರೆ. ಅರ್ಧ ಒಪ್ಪುತ್ತೇನೆ. 2022ರ ಏಪ್ರಿಲಿನಲ್ಲಿ ಬಾರ್ಸಿಲೋನಾದ ಕ್ಯಾಂಪ್ ನೋ ಕ್ರೀಡಾಂಗಣಕ್ಕೆ 91,648 ಮಂದಿ ಬಂದದ್ದು ಅಲೆಕ್ಸಿಯಾ ಅವರಂಥವರನ್ನು ನೋಡಲಿಕ್ಕೇ ಇರಬಹುದು. ಆದರೆ 2019ರ ಜನವರಿಯಲ್ಲಿ ಬಿಲ್ಬಾವೊದ ಸಾನ್ ಮಾಮೆಸ್‌ನಲ್ಲಿ ಅಥ್ಲೆಟಿಕ್ ಮತ್ತು ಅಟ್ಲೆಟಿಕೊ ತಂಡಗಳ ಆಟಕ್ಕೆ 48,121 ಮಂದಿ ಸೇರಿದ್ದರು. ಅದೇ ವರ್ಷ ನವೆಂಬರಿನಲ್ಲಿ ಸ್ಪೇನಿನ ಲೀಗಿನ ಹುಡುಗಿಯರು ಕನಿಷ್ಠ ಸಂಬಳಕ್ಕಾಗಿ ಬೀದಿಗೆ ಬರಬೇಕಾಯಿತು. ಜನ ತುಂಬಿದ ಮಾತ್ರಕ್ಕೆ ದುಡ್ಡು ತಾನಾಗಿ ಕೆಳಗೆ ಹರಿಯುವುದಿಲ್ಲ.

ಎರಡನೆಯ ಆಕ್ಷೇಪ ಇನ್ನೂ ಗಟ್ಟಿಯಾದದ್ದು: ಬಾಯಿ ತೆರೆದವರ ಆಟ ಹಾಳಾಗುತ್ತದೆ. ಇದನ್ನು ತಳ್ಳಿಹಾಕಿ ನಿನಗೆ ಸಿಹಿ ಮಾತು ಹೇಳಲಾರೆ. 2022ರ ಸೆಪ್ಟೆಂಬರಿನಲ್ಲಿ ಹದಿನೈದು ಆಟಗಾರ್ತಿಯರು, ಈಗಿನ ಪರಿಸ್ಥಿತಿ ನಮ್ಮ ಆರೋಗ್ಯಕ್ಕೆ ಪೆಟ್ಟು ಕೊಡುತ್ತಿದೆ, ಸರಿಪಡಿಸುವವರೆಗೆ ನಮ್ಮನ್ನು ರಾಷ್ಟ್ರೀಯ ತಂಡಕ್ಕೆ ಕರೆಯಬೇಡಿ ಎಂದು ಸ್ಪೇನಿನ ಫುಟ್‌ಬಾಲ್ ಫೆಡರೇಷನ್‌ಗೆ ಇಮೇಲ್ ಬರೆದರು. ತಪ್ಪೊಪ್ಪಿ ಕ್ಷಮೆ ಕೇಳಿದರಷ್ಟೇ ವಾಪಸು ಎಂಬ ಉತ್ತರ ಬಂತು. ಆ ಹದಿನೈದರಲ್ಲಿ ಮೂವರು ಮಾತ್ರ ವಿಶ್ವಕಪ್ಪಿಗೆ ಹೋದರು. ಮಾಪಿ ಲೆಯೊನ್ ಹೋಗಲಿಲ್ಲ. ಜಗತ್ತಿನ ಅತ್ಯುತ್ತಮ ಡಿಫೆಂಡರ್‌ಗಳಲ್ಲಿ ಒಬ್ಬರು ತಮ್ಮ ದೇಶ ವಿಶ್ವಕಪ್ ಎತ್ತಿದಾಗ ಆ ತಂಡದಲ್ಲಿರಲಿಲ್ಲ. ಇಮೇಲ್ ಕಳಿಸದೆಯೂ ಆ ಹದಿನೈದು ಮಂದಿಯ ಬೆನ್ನಿಗೆ ನಿಂತ ಪರೇದೆಸ್ ನಾಯಕತ್ವ ಕಳೆದುಕೊಂಡು ತಿಂಗಳುಗಟ್ಟಲೆ ಹೊರಗಿದ್ದರು. ನಷ್ಟ ನಿಜವಾದದ್ದು, ಎಲ್ಲರಿಗೂ ಸಮನಾಗಿ ಹಂಚಿಕೆಯಾಗಲಿಲ್ಲ. ಆದರೆ ಫೈನಲ್ ಮುಗಿದ ವೇದಿಕೆಯಲ್ಲಿ ಫೆಡರೇಷನ್ ಅಧ್ಯಕ್ಷ ಲೂಯಿಸ್ ರುಬಿಯಾಲೆಸ್ ಆಟಗಾರ್ತಿ ಜೆನ್ನಿ ಎರ್ಮೊಸೊ ಅವರಿಗೆ ಒಪ್ಪಿಗೆಯಿಲ್ಲದೆ ಮುತ್ತಿಟ್ಟಾಗ ಏನಾಯಿತು? ಒಂದು ವರ್ಷ ಮುಂಚೆ ಹದಿನೈದು ಮಂದಿಯನ್ನು ಬೇರೆಯಾಗಿಸಲು ಸಾಧ್ಯವಾಗಿದ್ದ ಫೆಡರೇಷನ್‌ಗೆ ಈ ಸಲ ಇಡೀ ತಂಡವನ್ನು ಒಡೆಯಲಾಗಲಿಲ್ಲ. ಕೋಚ್ ಹೊರ್ಹೆ ವಿಲ್ಡಾ ಹೋದರು, ರುಬಿಯಾಲೆಸ್ ರಾಜೀನಾಮೆ ಕೊಟ್ಟರು, 2025ರಲ್ಲಿ ನ್ಯಾಯಾಲಯ ಅವರನ್ನು ತಪ್ಪಿತಸ್ಥರೆಂದಿತು. 2023ರ ಸೆಪ್ಟೆಂಬರಿನಲ್ಲಿ, ಫೆಡರೇಷನ್‌ನಲ್ಲಿ ಆಗಬೇಕಾದ ಬದಲಾವಣೆಗಳ ಬಗ್ಗೆ ಬೆಳಗಿನ ಜಾವದವರೆಗೂ ಮಾತುಕತೆ ನಡೆದ ಮೇಲೆ ಪತ್ರಕರ್ತರೆದುರು ಕೂತು ತಂಡದ ಪರ ಮಾತನಾಡಿದ್ದು ಅಲೆಕ್ಸಿಯಾ ಮತ್ತು ಪರೇದೆಸ್. ಪರೇದೆಸ್ ಅವರಂತೆ ಹಿಂದೆ ನಿಂತು ಇಡೀ ಮೈದಾನ ನೋಡುತ್ತ, ಎಲ್ಲರಿಗೂ ಕೇಳುವಂತೆ ಮಾತನಾಡುವ ಅಭ್ಯಾಸ ಇರುವವರು ಇಂಥ ಹೊತ್ತಿಗೆ ಒದಗುವುದು ನನಗೆ ಆಕಸ್ಮಿಕವೆನಿಸುವುದಿಲ್ಲ. ನಿನಗೆ ಕೊಡುವ ಎಚ್ಚರಿಕೆಯೂ ಇದರಲ್ಲೇ ಇದೆ: ದೂರು ಕೊಡಬೇಕಾದರೆ ಮೊದಲು ಸಾಲು ಕಟ್ಟು. ಒಬ್ಬಳೇ ಮುನ್ನುಗ್ಗಿದರೆ ಅವರಿಗೆ ನಿನ್ನನ್ನು ದಾಟಿಹೋಗುವುದು ಸುಲಭ.

ಬೆಂಗಳೂರು ಬಾರ್ಸಿಲೋನಾ ಅಲ್ಲವಲ್ಲ ಎನ್ನುತ್ತೀಯ. ಅಲ್ಲ. ನಮ್ಮಲ್ಲಿ ಇಂಡಿಯನ್ ವುಮೆನ್ಸ್ ಲೀಗ್ ಇದೆ, ಆದರೆ ಅದರ ಮೇಲೆ ಮನೆ ನಡೆಸಬಲ್ಲವರು ಬೆರಳೆಣಿಕೆ. ಅದಕ್ಕೇ ಓದು ಬಿಡಬೇಡ ಎನ್ನುವುದು. ಆಟದ ಮೇಲೆ ನಂಬಿಕೆಯಿಲ್ಲದೆ ಹೇಳುವ ಮಾತಲ್ಲ ಇದು, ಹೊಟ್ಟೆಪಾಡಿನ ಭಯವಿಲ್ಲದವಳಷ್ಟೇ ಕ್ಲಬ್ಬಿನ ಮುಂದೆ ಧೈರ್ಯವಾಗಿ ಕೂರಬಲ್ಲಳು ಎಂಬ ಕಾರಣಕ್ಕೆ. ಯಾವ ಕ್ಲಬ್ಬಾದರೂ ಕಾಗದಕ್ಕೆ ಸಹಿ ಹಾಕು ಎಂದಾಗ ಮೂರು ಸಾಲು ಹುಡುಕು: ಮೊಣಕಾಲಿಗೆ ಪೆಟ್ಟಾದರೆ ಶಸ್ತ್ರಚಿಕಿತ್ಸೆಯ ಖರ್ಚು ಯಾರದು, ಆಡಲಾಗದ ತಿಂಗಳುಗಳಲ್ಲಿ ಸಂಬಳ ನಿಲ್ಲುತ್ತದೆಯೇ, ಅವಧಿಗೆ ಮುಂಚೆ ಬಿಡಿಸಿದರೆ ಎಷ್ಟು ಕೊಡುತ್ತಾರೆ. ಬಸುರಿಯಾದ ಆಟಗಾರ್ತಿಗೆ ಕನಿಷ್ಠ ಹದಿನಾಲ್ಕು ವಾರ ರಜೆ, ಮೂರನೇ ಎರಡು ಭಾಗ ಸಂಬಳ ಎಂದು ಫಿಫಾ 2021ರಿಂದಲೇ ನಿಯಮ ಮಾಡಿದೆ, ಅದೂ ತಿಳಿದಿರಲಿ. ಸಹಿ ಹಾಕುವ ಮುಂಚೆ ತಂಡದ ಉಳಿದ ಮೂವರು ಡಿಫೆಂಡರ್‌ಗಳ ಕಾಗದದಲ್ಲಿ ಏನಿದೆ ಎಂದೂ ಕೇಳಿಕೋ. ಸಂಬಳ ಗುಟ್ಟಾಗಿಡಿ ಎನ್ನುವ ಕ್ಲಬ್ಬು ನಿನ್ನ ಒಳ್ಳೆಯದಕ್ಕೆ ಹಾಗೆನ್ನುತ್ತಿರುವುದಿಲ್ಲ.

ಇತಿ ನಿನ್ನ ಹಿತೈಷಿ