ಹೆರೆಮಣೆಯೇ ಹೀರೊ: ನೆರಿಯದ ಮನೆಯೊಳಗೊಂದು ಮೂರು ನಿಮಿಷದ ಸಿನಿಮಾ

ಆಟಿ ತಿಂಗಳ ಮಳೆಗೆ ನಮ್ಮ ಊರು ನೆರಿಯದಲ್ಲಿ ಹೊರಗೆ ಕಾಲಿಡುವ ಹಾಗಿಲ್ಲ, ಕರೆಂಟನ್ನು ನಂಬುವ ಹಾಗೂ ಇಲ್ಲ. ಪ್ರಯೋಗದ ಸಿನಿಮಾ ಶುರು ಮಾಡಲು ಇದೇ ಸಕಾಲ. ಮೊಬೈಲಿನಲ್ಲಿ ಚಾರ್ಜ್ ಇದ್ದರಾಯಿತು.

1. ಕತೆ ಹುಡುಕಬೇಡಿ. 1924ರಲ್ಲಿ ಫರ್ನಾಂಡ್ ಲೆಜೆ, ಡಡ್ಲಿ ಮರ್ಫಿ ಸೇರಿ ತೆಗೆದ ‘ಬ್ಯಾಲೆ ಮೆಕಾನಿಕ್’ನಲ್ಲಿ ಮುಖ್ಯ ಪಾತ್ರಗಳೆಂದರೆ ಪಾತ್ರೆಗಳೇ: ಬೋಗುಣಿ, ಮುಚ್ಚಳ, ಮೊಟ್ಟೆ ಕಡೆಯುವ ಕಡ್ಡಿ. ಅದರ ಹಿಂದಿನ ವರ್ಷ ಮ್ಯಾನ್ ರೇ ಫಿಲ್ಮಿನ ಮೇಲೆ ಉಪ್ಪು, ಮೆಣಸಿನ ಪುಡಿ, ಪಿನ್ನು ಉದುರಿಸಿ ಬೆಳಕು ಬಿಟ್ಟ; ಆ ತುಣುಕುಗಳಿಗೆ ಕ್ಯಾಮೆರಾವೇ ಬೇಕಾಗಲಿಲ್ಲ.

2. ಮಾಡಿನ ಗಾಜಿನ ಹಂಚೇ ನಿಮ್ಮ ಲೈಟು. ಮಳೆ ಹೊಳವಾದ ಕೂಡಲೇ ಬಿಸಿಲುಕೋಲು ಅಡುಗೆಮನೆಗೆ ಇಳಿಯುತ್ತದೆ, ಒಲೆಯ ಹೊಗೆ ಅದರೊಳಗೆ ಸುರುಳಿ ಸುತ್ತುತ್ತದೆ. ಪರದೆಯ ಮೇಲೆ ಬೆರಳು ಒತ್ತಿಹಿಡಿದು ಬೆಳಕನ್ನು ಲಾಕ್ ಮಾಡಿ. ಇಲ್ಲದಿದ್ದರೆ ಫೋನು ಅತಿ ಬುದ್ಧಿವಂತಿಕೆಯಿಂದ ಕತ್ತಲನ್ನೆಲ್ಲ ಬೆಳ್ಳಗೆ ಮಾಡಿಬಿಡುತ್ತದೆ. ಟ್ಯೂಬ್‌ಲೈಟೇ ಗತಿಯಾದರೆ ಶಟರ್ 1/50ಕ್ಕೆ ಇಡಿ. ನಮ್ಮ ಕರೆಂಟು 50 ಹರ್ಟ್ಜ್‌ನದು, ಬೇರೆ ವೇಗದಲ್ಲಿ ಪಟ್ಟೆಗಳು ಬರಬಹುದು.

3. ಒಂದೇ ವಸ್ತು, ತೀರಾ ಹತ್ತಿರದಿಂದ. ಹೆರೆಮಣೆಯ ಹಲ್ಲುಗಳ ಮೇಲೆ ಫೋಕಸ್ ಇಡಿ. ತೆಂಗಿನ ತುರಿ ಬೀಳುವ ಮೊದಲು ಹಲ್ಲಿನ ತುದಿಯಲ್ಲಿ ಚೂರು ಹೊತ್ತು ನೇತಾಡುತ್ತದೆ, ಹಾಲು ಒಸರಿ ಕಬ್ಬಿಣ ಮಿನುಗುತ್ತದೆ. ಸೆಕೆಂಡಿಗೆ 240 ಫ್ರೇಮಿನಲ್ಲಿ ತೆಗೆದು 24ರಲ್ಲಿ ಓಡಿಸಿದರೆ ಒಂದು ಸೆಕೆಂಡು ಹತ್ತಾಗುತ್ತದೆ. ನಾಲ್ಕು ದಿನ ಇದನ್ನೇ ತೆಗೆಯಿರಿ.

4. ಹಳತೆಲ್ಲ ಚೆಂದ ಎನ್ನುವ ಚಟ ಬಿಡಿ. ಬಿ.ಸಿ. ರೋಡಿನ ಸಂಚಯಗಿರಿಯಲ್ಲಿ ಪ್ರೊ. ತುಕಾರಾಮ ಪೂಜಾರಿಯವರ ರಾಣಿ ಅಬ್ಬಕ್ಕ ತುಳು ಅಧ್ಯಯನ ಕೇಂದ್ರ ಇದೆ, ಧರ್ಮಸ್ಥಳದಲ್ಲಿ ಮಂಜೂಷಾ ವಸ್ತುಸಂಗ್ರಹಾಲಯ ಇದೆ. ಹಳೆಯ ವಸ್ತುಗಳನ್ನು ನೋಡಲು ಖಂಡಿತ ಹೋಗಿ. ಆದರೆ ಹೆಸರಿನ ಚೀಟಿಗಿಂತ ಮೊದಲು ಸವೆದ ಜಾಗ ನೋಡಿ. ಕೈ ಹಿಡಿದ ಕಡೆ ಮರ ನುಣುಪಾಗಿರುತ್ತದೆ. ಮನೆಗೆ ಬಂದು ಬಚ್ಚಲಿನ ನೀಲಿ ಪ್ಲಾಸ್ಟಿಕ್ ಬಕೆಟನ್ನೂ ಅದೇ ಕಣ್ಣಿನಿಂದ ನೋಡಿ. ‘ಆ ಕಾಲವೊಂದಿತ್ತು’ ಎಂಬ ರಾಗ ಶುರುವಾದರೆ ಸಿನಿಮಾ ಅಲ್ಲಿಗೆ ಮುಗಿಯಿತು.

5. ಹಾಡು ಬೇಡ. ಮಾಡಿನ ನೀರು ಹಂಡೆಗೆ ಬೀಳುವ ಸದ್ದು ಸಾಕು.

6. ಕಾಯಿರಿ. ಜೋರಿಸ್ ಇವೆನ್ಸ್ 1929ರ ‘ರೇನ್’ ಚಿತ್ರಕ್ಕಾಗಿ ಆಮ್‌ಸ್ಟರ್‌ಡ್ಯಾಮಿನಲ್ಲಿ ತಿಂಗಳುಗಟ್ಟಲೆ ಮಳೆ ಕಾದು, ಒಂದೇ ಮಳೆಯಂತೆ ಜೋಡಿಸಿದ. ನಮಗೆ ಮಳೆಗೆ ಕಾಯುವ ಕಷ್ಟವಿಲ್ಲ, ಬಿಸಿಲಿಗೆ ಕಾಯಬೇಕು.

7. ನೀವು ಚಿತ್ರ ತೆಗೆದ ವಸ್ತುವನ್ನು ದಿನಾ ಬಳಸುವವರಿಗೇ ಮೊದಲು ತೋರಿಸಿ. ಹೆರೆಮಣೆಯ ನನ್ನ ಒಂಬತ್ತು ನಿಮಿಷದ ಚಿತ್ರ ನೋಡಿ ಅತ್ತೆ ಹೇಳಿದ್ದು ಇಷ್ಟೇ: “ಅಷ್ಟು ಹೊತ್ತು ಹೆರೆದರೆ ಗೆರಟೆಯೂ ಬರ್ತದೆ ಮಾರಾಯ.” ಆರು ನಿಮಿಷ ಕತ್ತರಿಸಿದೆ.